ಬಡ್ಜರಿಗಾರ್ ಅಂದರೆ ‘ತಿನ್ನಲು ಒಳ್ಳೆಯದು’ ಅಂತ ಅರ್ಥವೇ?

ಪ್ರಶ್ನೆ: ನಾವೆಲ್ಲ ಲವ್ ಬರ್ಡ್ ಅಂತ ಕರೆಯುವ ಪುಟ್ಟ ಗಿಳಿಗೆ ಪುಸ್ತಕಗಳಲ್ಲಿ ಬಡ್ಜರಿಗಾರ್ ಎಂಬ ಹೆಸರಿದೆ. ಆಸ್ಟ್ರೇಲಿಯಾದ ಮೂಲನಿವಾಸಿಗಳ ಭಾಷೆಯಲ್ಲಿ ಇದಕ್ಕೆ ‘ತಿನ್ನಲು ಒಳ್ಳೆಯದು’ ಎಂಬ ಅರ್ಥ ಅಂತ ತುಂಬಾ ಕಡೆ ಓದಿದ್ದೇನೆ. ಇದು ನಿಜವೇ? ಒಂದೇ ಹಕ್ಕಿಗೆ ಇಷ್ಟೊಂದು ಹೆಸರು ಯಾಕೆ? ಕನ್ನಡದಲ್ಲಿ ಇದನ್ನು ಹೇಗೆ ಬರೆಯಬೇಕು?

ಉತ್ತರ: ಮೊದಲು ನೇರ ಉತ್ತರ ಕೊಟ್ಟುಬಿಡುತ್ತೇನೆ. ಆ ಪದದಲ್ಲಿ ‘ತಿನ್ನುವುದು’ ಇಲ್ಲ. ಬಡ್ಜರಿಗಾರ್ ಎಂಬುದು ಗಮಿಲರಾಯ್ ಭಾಷೆಯ ‘ಗಿಜಿರ್ರಿಗಾ’ ಎಂಬ ಪದದಿಂದ ಬಂದಿದೆ, ಇಂಗ್ಲಿಷರ ಬಾಯಲ್ಲಿ ರೂಪ ಬದಲಾಯಿಸಿಕೊಂಡಿದೆ ಅಂತ ಆಸ್ಟ್ರೇಲಿಯಾದ ಪದಗಳ ಮೇಲೆ ಕೆಲಸ ಮಾಡಿದ ನಿಘಂಟುಕಾರರು ಹೇಳುತ್ತಾರೆ. ಗಿಜಿರ್ರಿಗಾ ಅಂದರೆ ಏನು? ಆ ಹಕ್ಕಿಯೇ. ಗುಬ್ಬಿ ಅಂದರೆ ಗುಬ್ಬಿ ಅಲ್ವಾ, ಅಷ್ಟೇ. ಹೆಸರನ್ನು ಒಡೆದು ಒಳಗೆ ಏನೋ ಕಥೆ ಇರಲೇಬೇಕು ಅಂತ ಹುಡುಕುವುದರಿಂದಲೇ ಈ ಗೊಂದಲ ಶುರುವಾಗುತ್ತದೆ. ಆದರೆ ‘ಒಳ್ಳೆಯದು’ ಅನ್ನುವ ಅರ್ಧ ಭಾಗ ಸುಮ್ನೆ ಹುಟ್ಟಿಕೊಂಡಿದ್ದಲ್ಲ, ಅದಕ್ಕೊಂದು ಕಾರಣ ಇದೆ. ನನಗೆ ಈ ಹೆಸರಿನ ಮೇಲೆ ಜಾಸ್ತಿ ಪ್ರೀತಿ ಬಂದಿದ್ದೇ ಆ ಕಾರಣ ಗೊತ್ತಾದ ಮೇಲೆ. ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಗಮಿಲರಾಯ್ ಜನರ ನಾಡು ನ್ಯೂ ಸೌತ್ ವೇಲ್ಸ್‌ನ ಉತ್ತರ ಭಾಗದಲ್ಲಿದೆ. ಇಂಗ್ಲಿಷರು 1818ರಲ್ಲಿ ಲಿವರ್‌ಪೂಲ್ ಪ್ಲೇನ್ಸ್ ಅಂತ ಹೆಸರಿಟ್ಟ ದೊಡ್ಡ ಬಯಲು ಅವರ ನೆಲ. ಆ ಭಾಷೆಯ ಹೆಸರೇ ಚೆನ್ನಾಗಿದೆ ನೋಡಿ. ‘ಗಮಿಲ್’ ಅಂದರೆ ‘ಇಲ್ಲ’. ಯಾರ ಮಾತಿನಲ್ಲಿ ‘ಇಲ್ಲ’ ಅನ್ನುವುದಕ್ಕೆ ಗಮಿಲ್ ಇದೆಯೋ ಅವರ ಭಾಷೆ ಗಮಿಲರಾಯ್. ಪಕ್ಕದ ವಿರಾಜುರಿ ಭಾಷೆಗೂ ಹೀಗೇ, ಅವರ ‘ಇಲ್ಲ’ ಎಂಬ ಪದದಿಂದಲೇ ಹೆಸರು ಬಂದಿದೆ. ಅಕ್ಕಪಕ್ಕದವರನ್ನು ಅವರು ಬೇಡ ಅನ್ನುವ ರೀತಿಯಿಂದ ಗುರುತು ಹಿಡಿಯುವುದು ಎಷ್ಟು ಸಹಜ ಅಲ್ವಾ! ಇಂಗ್ಲಿಷಿಗೆ ಈ ಭಾಷೆ ಕೊಟ್ಟ ಹಕ್ಕಿ ಹೆಸರು ಇದೊಂದೇ ಅಲ್ಲ. ಗುಲಾಬಿ ಎದೆಯ ಕಾಕಟೂ ಎಂಬ ಜುಟ್ಟಿನ ಗಿಳಿಗೆ ‘ಗಲಾ’ ಅಂತಾರೆ, ಅದು ಗಮಿಲರಾಯ್ ಮತ್ತು ಅದರ ತಂಗಿ ಭಾಷೆ ಯುವಾಲರಾಯ್‌ನ ‘ಗಿಲಾ’. ಕುಣಿಯುವ ಉದ್ದ ಕಾಲಿನ ಕೊಕ್ಕರೆ ‘ಬ್ರೋಲ್ಗಾ’, ಅದು ‘ಬುರ್ರಲ್ಗಾ’.

ಈಗ ‘ಗಿ’ ಹೋಗಿ ‘ಬ’ ಬಂದಿದ್ದು ಹೇಗೆ ಅಂತ ನೋಡೋಣ. ಇಲ್ಲಿಗೆ ಸಿಡ್ನಿ ಬರುತ್ತದೆ. 1788ರಲ್ಲಿ ಇಂಗ್ಲಿಷರು ಮೊದಲು ಬೀಡುಬಿಟ್ಟಿದ್ದು ಅಲ್ಲಿ. ಅಲ್ಲಿನ ಜನರ ಭಾಷೆ ಬೇರೆ, ಅದನ್ನು ಈಗ ಧರುಗ್ ಅಥವಾ ಸಿಡ್ನಿ ಭಾಷೆ ಅಂತಾರೆ. ಆ ಭಾಷೆಯಲ್ಲಿ ‘ಬುಜರಿ’ ಅಂದರೆ ಒಳ್ಳೆಯದು. ವಿಲಿಯಂ ಡಾವ್ಸ್ ಎಂಬ ಅಧಿಕಾರಿ 1790ರ ಆಸುಪಾಸಿನಲ್ಲಿ ಆ ಭಾಷೆಯ ಪದಗಳನ್ನು ಟಿಪ್ಪಣಿ ಪುಸ್ತಕಗಳಲ್ಲಿ ಬರೆದಿಟ್ಟ, ಅವುಗಳಲ್ಲೂ ಈ ಪದ ಇದೆ. ಬಂದವರು ಮತ್ತು ಇದ್ದವರ ನಡುವೆ ಒಂದು ಕಲಬೆರಕೆ ಮಾತು ಬೆಳೆಯಿತು. ಒಳ್ಳೆಯದು ಅನ್ನಬೇಕಾದರೆ ‘ಬಜರಿ’. ಒಳ್ಳೆಯ ಮನುಷ್ಯ, ಒಳ್ಳೆಯ ಊಟ, ಒಳ್ಳೆಯ ಜಾಗ, ಎಲ್ಲಕ್ಕೂ ಅದೇ. ಡಿಂಗೋ, ವೊಂಬಾಟ್, ಕೊವಾಲಾ, ಬೂಮರಾಂಗ್ ಇವೆಲ್ಲ ಇಂಗ್ಲಿಷಿಗೆ ಬಂದಿದ್ದು ಇದೇ ಸಿಡ್ನಿ ಕಡೆಯ ಮಾತಿನಿಂದ.

ದನ, ಕುರಿ ಹೊಡೆದುಕೊಂಡು ಒಳನಾಡಿಗೆ ನುಗ್ಗಿದ ಇಂಗ್ಲಿಷರು ಈ ಕಲಬೆರಕೆ ಮಾತನ್ನೂ ಜೊತೆಗೆ ಒಯ್ದರು. ಅವರಿಗೆ ಮೂಲನಿವಾಸಿಗಳ ಭಾಷೆ ಅಂದರೆ ಒಂದೇ ಭಾಷೆ, ಆದರೆ ಇಂಗ್ಲಿಷರು ಬಂದ ಕಾಲಕ್ಕೆ ಆ ಖಂಡದಲ್ಲಿ 250ಕ್ಕೂ ಹೆಚ್ಚು ಭಾಷೆಗಳಿದ್ದವು, ಸಿಡ್ನಿಯ ಬುಜರಿ ಲಿವರ್‌ಪೂಲ್ ಪ್ಲೇನ್ಸ್‌ನ ಗಮಿಲರಾಯ್ ಜನರಿಗೆ ತಮ್ಮ ಪದವೇ ಆಗಿರಲಿಲ್ಲ. ಅಂಥವರ ಕಿವಿಗೆ ಗಿಜಿರ್ರಿಗಾ ಬಿದ್ದಾಗ ತಮಗೆ ಆಗಲೇ ಗೊತ್ತಿದ್ದ ‘ಬಜರಿ’ ಕೇಳಿಸಿತು. ಗೊತ್ತಿಲ್ಲದ ಪದವನ್ನು ಗೊತ್ತಿರುವ ಪದದ ಅಚ್ಚಿಗೆ ಹಾಕಿ ಕೇಳುವುದು ಎಲ್ಲರ ಕಿವಿಯೂ ಮಾಡುವ ಕೆಲಸ. ಹೀಗೆ ಒಂದು ಭಾಷೆಯ ಹಕ್ಕಿ ಹೆಸರಿಗೆ ಇನ್ನೊಂದು ಭಾಷೆಯ ‘ಒಳ್ಳೆಯದು’ ಅಂಟಿಕೊಂಡಿರಬೇಕು ಎನ್ನುವುದು ವಿದ್ವಾಂಸರ ಊಹೆ. ಊಹೆಯೇ ಆದರೂ ಬಲವಾದ ಊಹೆ. ‘ಗ’ ಬದಲು ‘ಬ’ ಬರಲು ಇದಕ್ಕಿಂತ ಒಳ್ಳೆಯ ಕಾರಣ ನನಗೆ ಕಾಣುವುದಿಲ್ಲ.

ಹಳೆಯ ಬರಹಗಳಲ್ಲಿ ಈ ಹೆಸರನ್ನು ಒಬ್ಬೊಬ್ಬರು ಒಂದೊಂದು ರೀತಿ ಬರೆದಿದ್ದಾರೆ. 1840ರ ದಶಕದಲ್ಲಿ ಪಕ್ಷಿತಜ್ಞ ಜಾನ್ ಗೌಲ್ಡ್ ಬರೆದಿದ್ದು ‘ಬೆಚೆರ್ರಿಗಾ’. ಬೇರೆಯವರಲ್ಲಿ ‘ಜ’ ಇದೆ. ಚ ಮತ್ತು ಜ ಯಾಕೆ ಹೀಗೆ ಅದಲುಬದಲು? ಗಮಿಲರಾಯ್‌ನಲ್ಲಿ, ಆಸ್ಟ್ರೇಲಿಯಾದ ಹೆಚ್ಚಿನ ಭಾಷೆಗಳಲ್ಲಿ ಇರುವಂತೆ, ಕ-ಗ, ಚ-ಜ, ಪ-ಬ ಇವುಗಳ ನಡುವೆ ಅರ್ಥ ಬದಲಾಗುವಂಥ ವ್ಯತ್ಯಾಸ ಇಲ್ಲ. ತಮಿಳು ಲಿಪಿಯಲ್ಲಿ ಕ, ಗ ಎರಡಕ್ಕೂ ಒಂದೇ ಅಕ್ಷರ ಸಾಕಾಗುವುದನ್ನು ನೋಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಹಾಗಾಗಿ ಕೇಳಿದವರು ಒಮ್ಮೆ ಚ ಬರೆದರು, ಒಮ್ಮೆ ಜ ಬರೆದರು, ಎರಡೂ ತಪ್ಪಲ್ಲ. ಆದರೆ ಗ ಮತ್ತು ಬ ಮಾತ್ರ ಆ ಭಾಷೆಯಲ್ಲೂ ಬೇರೆ ಬೇರೆಯೇ. ಅದಕ್ಕೇ ಮೊದಲ ಅಕ್ಷರದ ಬದಲಾವಣೆಗೆ ಬೇರೆ ಕಾರಣ ಹುಡುಕಬೇಕಾಗುತ್ತದೆ.

ಕೊನೆಯ ‘ಗಾರ್’ ಬಗ್ಗೆಯೂ ಒಂದು ಕಥೆ ಓಡಾಡುತ್ತಿದೆ. ‘ಬಜರಿ ಅಂದರೆ ಒಳ್ಳೆಯ, ಗಾರ್ ಅಂದರೆ ಕಾಕಟೂ, ಸೇರಿಸಿದರೆ ಒಳ್ಳೆಯ ಕಾಕಟೂ’ ಅಂತ. ಹಳೆಯ ನಿಘಂಟುಗಳಲ್ಲೂ ಇದು ಸಿಗುತ್ತದೆ. ನಾನು ಒಪ್ಪುವುದಿಲ್ಲ. ಗಮಿಲರಾಯ್‌ನಲ್ಲಿ ಬಿಳಿ ಕಾಕಟೂಗೆ ‘ಮುರಾಯ್’ ಅನ್ನುತ್ತಾರೆ. ಇನ್ನು ಆ ‘ರ್’ ಕಾಗದದ ಮೇಲೆ ಮಾತ್ರ ಇರುವ ರ್. ಲಂಡನ್ ಕಡೆಯ ಇಂಗ್ಲಿಷಿನಲ್ಲಿ ಸ್ವರದ ನಂತರ, ಪದದ ಕೊನೆಯಲ್ಲಿ ಬರುವ ರ್ ಉಚ್ಚಾರ ಆಗುವುದಿಲ್ಲ. ‘ಕಾರ್’ ಅಂತ ಬರೆದು ‘ಕಾ’ ಅನ್ನುತ್ತಾರೆ. ಅಂಥವರು ‘ಗಾ’ ಎಂಬ ದೀರ್ಘ ಕೇಳಿದಾಗ ಅದನ್ನು ತೋರಿಸಲು ರ್ ಹಾಕಿದರು. ಗೌಲ್ಡ್ ಅದೇ ದೀರ್ಘಕ್ಕೆ ಹ ಅಕ್ಷರ ಹಾಕಿದ. ನಮ್ಮ ಲಿಪಿಯಲ್ಲಾದರೆ ಒಂದು ದೀರ್ಘ ಕೊಟ್ಟು ಮುಗಿಸಿಬಿಡುತ್ತಿದ್ದೆವು, ಈ ರ್ ಹುಟ್ಟುತ್ತಲೇ ಇರಲಿಲ್ಲ. ಇಲ್ಲದ ರ್ ಇಟ್ಟುಕೊಂಡು ಗಾರ್ ಅಂದರೆ ಏನು ಅಂತ ಅರ್ಥ ಹುಡುಕಿದರೆ ಅದು ನಿಲ್ಲುವುದು ಕಷ್ಟ.

ಹಾಗಾದರೆ ತಿನ್ನುವ ಮಾತು ಎಲ್ಲಿಂದ ಬಂತು? ಒಳನಾಡಿನ ಜನ ಮರದ ಪೊಟರೆಗಳಿಂದ ಈ ಹಕ್ಕಿಯ ಮರಿಗಳನ್ನು ತೆಗೆದು ತಿನ್ನುತ್ತಿದ್ದುದು ನಿಜ. ‘ಒಳ್ಳೆಯದು’ ಅನ್ನುವ ಅರ್ಥ ಆಗಲೇ ಅಂಟಿಕೊಂಡಿತ್ತು. ಒಳ್ಳೆಯದು, ಆದರೆ ಯಾವುದಕ್ಕೆ ಒಳ್ಳೆಯದು ಅಂತ ಯಾರೋ ಕೇಳಿದಾಗ ಇನ್ಯಾರೋ ತಿನ್ನೋದಕ್ಕೆ ಅಂತ ಸೇರಿಸಿರಬೇಕು. ಪದದೊಳಗೆ ಆ ಭಾಗ ಎಲ್ಲೂ ಇಲ್ಲ. ಮೂಲನಿವಾಸಿಗಳು ಹಕ್ಕಿಯನ್ನು ನೋಡಿದರೆ ಊಟ ಮಾತ್ರ ನೆನಪಾಗುತ್ತಿತ್ತು ಅನ್ನುವ ವಸಾಹತು ಕಾಲದ ಧೋರಣೆ ಈ ಕಥೆಯಲ್ಲಿದೆ. ಅದು ನನಗೆ ಹಿಡಿಸುವುದಿಲ್ಲ, ಅದಕ್ಕೇ ಇಷ್ಟು ಬಿಡಿಸಿ ಬರೆಯುತ್ತಿದ್ದೇನೆ.

ಇಂಥದ್ದೇ ಇನ್ನೊಂದು ಕಥೆ ನೀವು ಖಂಡಿತ ಕೇಳಿರುತ್ತೀರಿ. ಕಾಂಗರೂ ಅಂದರೆ ‘ನನಗೆ ಗೊತ್ತಿಲ್ಲ’ ಅಂತ ಅರ್ಥ, ನಾವಿಕ ಕುಕ್ ಕೇಳಿದ ಪ್ರಶ್ನೆಗೆ ಸಿಕ್ಕ ಉತ್ತರವನ್ನೇ ಪ್ರಾಣಿಯ ಹೆಸರು ಅಂದುಕೊಂಡರು ಅನ್ನುವ ಕಥೆ. ಅದೂ ಸುಳ್ಳು. 1770ರಲ್ಲಿ ಕುಕ್‌ನ ಹಡಗು ರಿಪೇರಿಗೆ ನಿಂತಿದ್ದ ಎಂಡೆವರ್ ನದಿಯ ಬಾಯಲ್ಲಿ ಗೂಗು ಯಿಮಿಧಿರ್ ಭಾಷೆ ಆಡುವ ಜನರಿದ್ದರು. ಅವರ ಭಾಷೆಯಲ್ಲಿ ‘ಗಙುರ್ರು’ ಅಂದರೆ ಒಂದು ಜಾತಿಯ ಕಾಂಗರೂ. ಕೇಳಿದ ಪ್ರಶ್ನೆಗೆ ಸರಿಯಾದ ಉತ್ತರವನ್ನೇ ಕೊಟ್ಟಿದ್ದರು. 1970ರ ದಶಕದಲ್ಲಿ ಜಾನ್ ಹ್ಯಾವಿಲ್ಯಾಂಡ್ ಎಂಬ ಭಾಷಾವಿಜ್ಞಾನಿ ಆ ಜನರ ಜೊತೆ ಕೆಲಸ ಮಾಡಿ ಇದನ್ನು ಖಚಿತಪಡಿಸಿದರು. ಆದರೂ ಆ ಕಥೆ ಸಾಯುತ್ತಿಲ್ಲ.

ಈಗ ನಿಮ್ಮ ಎರಡನೇ ಪ್ರಶ್ನೆ. ಒಂದೇ ಹಕ್ಕಿಗೆ ಇಷ್ಟೊಂದು ಹೆಸರು ಯಾಕೆ? ಒಬ್ಬೊಬ್ಬರು ಹಕ್ಕಿಯ ಒಂದೊಂದು ಭಾಗ ನೋಡಿದ್ದಾರೆ, ಅದಕ್ಕೆ.

ಹಕ್ಕಿಯನ್ನೇ ಹತ್ತಿರದಿಂದ ನೋಡಿ. ಕಾಡಿನ ಬಡ್ಜರಿಗಾರ್ ಹಸಿರು ಮೈ, ಹಳದಿ ಮುಖ. ನೀಲಿ, ಬಿಳಿ ಎಲ್ಲ ಪಂಜರದಲ್ಲಿ ಸಾಕಿ ತಂದ ಬಣ್ಣಗಳು. ಕೊಕ್ಕಿನ ತುದಿಯಿಂದ ಬಾಲದ ತುದಿವರೆಗೆ ಸುಮಾರು 18 ಸೆಂಟಿಮೀಟರ್, ತೂಕ 30ರಿಂದ 40 ಗ್ರಾಂ. ತಲೆಯ ಹಿಂಭಾಗ, ಕತ್ತು, ಬೆನ್ನು, ರೆಕ್ಕೆಯ ಮೇಲೆ ಕಪ್ಪು ಗೆರೆಗಳು. ಆ ಗೆರೆ ಎಲ್ಲಿಂದ ಬರುತ್ತದೆ ಅಂತ ರೆಕ್ಕೆಯ ಒಂದು ಗರಿ ನೋಡಿದರೆ ಗೊತ್ತಾಗುತ್ತದೆ. ಗರಿಯ ನಡುವೆ ಕಪ್ಪು, ಸುತ್ತ ಹಳದಿ ಅಂಚು. ಅಂಥ ಗರಿಗಳು ಒಂದರ ಮೇಲೊಂದು ಕೂತಾಗ ಅಂಚುಗಳೆಲ್ಲ ಸೇರಿ ಬಳುಕುವ ಸಾಲುಗಳಾಗುತ್ತವೆ. ಮರಿಗಳಲ್ಲಿ ಹಣೆಯ ಗೆರೆಗಳು ಮೂಗಿನ ಮೇಲಿನ ಮೆತ್ತನೆ ಚರ್ಮದವರೆಗೂ ಬರುತ್ತವೆ. ಮೂರು ನಾಲ್ಕು ತಿಂಗಳಿಗೆ ಮೊದಲ ಸಲ ಗರಿ ಉದುರಿ ಹೊಸದು ಬಂದಾಗ ಹಣೆ ಬರೀ ಹಳದಿಯಾಗುತ್ತದೆ. ಕತ್ತಿನ ಮುಂದೆ ಕಪ್ಪು ಚುಕ್ಕಿಗಳ ಸಾಲು, ಕೆನ್ನೆ ಮೇಲೆ ನೇರಳೆ ಮಚ್ಚೆ.

ಈ ಗೆರೆಗಳೇ ಅರ್ಧ ಪ್ರಪಂಚದ ಹೆಸರುಗಳಿಗೆ ಮೂಲ. 1805ರಲ್ಲಿ ಬ್ರಿಟಿಷ್ ಮ್ಯೂಸಿಯಂನ ಜಾರ್ಜ್ ಶಾ ಈ ಹಕ್ಕಿಯನ್ನು ಮೊದಲ ಸಲ ವಿವರಿಸಿ ‘ಉಂಡ್ಯುಲೇಟಸ್’ ಅಂತ ಹೆಸರಿಟ್ಟ, ಅಂದರೆ ಅಲೆ ಅಲೆಯಾಗಿರುವುದು. ಜರ್ಮನ್ನರ ‘ವೆಲ್ಲೆನ್‌ಸಿಟಿಖ್’, ಅಲೆ ಗಿಳಿ. ಫ್ರೆಂಚ್, ರಷ್ಯನ್, ಪೋಲಿಷ್ ಹೆಸರುಗಳಲ್ಲೂ ಅದೇ ಅಲೆ. ಸ್ವೀಡನ್, ಡೆನ್ಮಾರ್ಕ್‌ನಲ್ಲಿ ಗಿಳಿ ಅನ್ನುವುದನ್ನೂ ಬಿಟ್ಟು ಬರೀ ‘ಉಂಡುಲಾತ್’ ಅಂತಾರೆ. ಅದೇ ಗೆರೆ ಚೀನೀಯರಿಗೆ ಬೇರೆ ಥರ ಕಂಡಿತು. ಅವರ ‘ಹುಪಿ ಯಿಂಗ್‌ವು’ ಅಂದರೆ ಹುಲಿ ಚರ್ಮದ ಗಿಳಿ. ಈ ಪುಟ್ಟ ಹಕ್ಕಿಗೆ ಹುಲಿಯ ಹೆಸರು ಕೊಟ್ಟಿದ್ದು ನನಗೆ ಎಲ್ಲಕ್ಕಿಂತ ಇಷ್ಟ. ಆಸ್ಟ್ರೇಲಿಯಾಕ್ಕೆ ಹೋಗಿ ನೆಲೆಸಿದವರು ‘ಶೆಲ್ ಪ್ಯಾರಟ್’ ಅಂದರು, ಕಪ್ಪೆಚಿಪ್ಪಿನ ಅಂಚು ನೆನಪಾಗಿ. ‘ಜೀಬ್ರಾ ಪ್ಯಾರಟ್’ ಅಂತಲೂ ಇತ್ತು. ಜಪಾನಿನವರು ಮಾತ್ರ ಗೆರೆ ಬಿಟ್ಟು ಬಣ್ಣ ಹಿಡಿದರು. ‘ಸೆಕಿಸೇಇ ಇಂಕೋ’ ಅಂತ ಬರೆಯುವ ಅಕ್ಷರಗಳು ಬೆನ್ನು, ಹಳದಿ, ನೀಲಿ ಅಂತ ಓದಿಸುತ್ತವೆ.

ಇನ್ನು ದನಿ. 1839ರ ಡಿಸೆಂಬರ್‌ನಲ್ಲಿ ಗೌಲ್ಡ್ ಲಿವರ್‌ಪೂಲ್ ಪ್ಲೇನ್ಸ್‌ನ ಉತ್ತರಕ್ಕೆ ಹೋದಾಗ ನದಿ ದಡದ ನೀಲಗಿರಿ ಮರಗಳ ಪೊಟರೆಗಳಲ್ಲೆಲ್ಲ ಈ ಹಕ್ಕಿಗಳು ಗೂಡು ಮಾಡಿದ್ದವು. ಆಸ್ಟ್ರೇಲಿಯಾದಲ್ಲಿ ಅದು ಬೇಸಿಗೆ. ಮ್ಯೂಸಿಯಂನ ಒಣಗಿದ ಚರ್ಮದಲ್ಲಿ ಗರಿ ಮಾತ್ರ ಇರುತ್ತದೆ. ಗೌಲ್ಡ್‌ಗೆ ಹಕ್ಕಿಯ ಮಾತು ಕೇಳಿಸಿತು. ನಿಲ್ಲಿಸದೆ ಗುನುಗುವ, ಕಿಚಿಪಿಚಿ ಸೇರಿದ ಸಣ್ಣ ಹಾಡು ಅದು. ಅವನು 1840ರಲ್ಲಿ ಇದಕ್ಕೆ ‘ಮೆಲೊಪ್ಸಿಟಕಸ್’ ಎಂಬ ಹೊಸ ಕುಲದ ಹೆಸರು ಕೊಟ್ಟ. ಗ್ರೀಕ್‌ನಲ್ಲಿ ಮೆಲೋಸ್ ಅಂದರೆ ಹಾಡು, ಪ್ಸಿಟಕೋಸ್ ಅಂದರೆ ಗಿಳಿ. ಅದೇ ವರ್ಷ ಜೀವಂತ ಹಕ್ಕಿಗಳನ್ನು ಇಂಗ್ಲೆಂಡಿಗೂ ತಂದ, ಅಲ್ಲಿಂದ ಇದು ಮನೆ ಮನೆಯ ಹಕ್ಕಿಯಾಯಿತು. ಹಾಗಾಗಿ ಇವತ್ತಿನ ವೈಜ್ಞಾನಿಕ ಹೆಸರು ಇಬ್ಬರ ಕೊಡುಗೆ, ಹಾಡು ಗೌಲ್ಡ್‌ನದು, ಅಲೆ ಶಾನದು. ಗೌಲ್ಡ್ ಇಂಗ್ಲಿಷಿನಲ್ಲಿ ಇಟ್ಟ ಹೆಸರಿನಲ್ಲಿ ಹಾಡೂ ಇತ್ತು, ಹುಲ್ಲೂ ಇತ್ತು. ಹುಲ್ಲಿನ ಬೀಜವೇ ಇದರ ಊಟ, ನೆಲದಲ್ಲಿ ಓಡಾಡಿಕೊಂಡು ಹೆಕ್ಕುತ್ತದೆ. ಡಚ್ಚರ ‘ಗ್ರಾಸ್‌ಪಾರ್ಕೀತ್’ನಲ್ಲಿ ಆ ಹುಲ್ಲು ಇನ್ನೂ ಉಳಿದಿದೆ. ಆಗಿನ ವಲಸೆಗಾರರು ‘ಕೆನೇರಿ ಗಿಳಿ’ ಅಂತಲೂ ಕರೆಯುತ್ತಿದ್ದರು ಅಂತ ಗೌಲ್ಡ್ ಬರೆದಿದ್ದಾನೆ.

ಮಾತು ಕಲಿಯುವುದರಲ್ಲೂ ಇದು ಸಣ್ಣದಲ್ಲ. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿದ್ದ ಪಕ್ ಎಂಬ ಗಂಡು ಬಡ್ಜರಿಗಾರ್ 1,728 ಪದ ಕಲಿತಿತ್ತು ಅಂತ ಗಿನ್ನೆಸ್ ದಾಖಲೆಯಲ್ಲಿದೆ. ಹಾಡಿನ ಗಿಳಿ ಅನ್ನುವ ಹೆಸರು ಸುಮ್ನೆ ಬಂದಿಲ್ಲ.

ಲವ್ ಬರ್ಡ್ ವಿಷಯಕ್ಕೆ ಬರೋಣ. ನಿಜವಾದ ಲವ್ ಬರ್ಡ್‌ಗಳು ಬೇರೆಯೇ ಗುಂಪು. ‘ಅಗಾಪೋರ್ನಿಸ್’ ಅನ್ನುವುದು ಅವುಗಳ ಕುಲ, ಗ್ರೀಕ್‌ನ ಅಗಾಪೆ ಅಂದರೆ ಪ್ರೀತಿ, ಓರ್ನಿಸ್ ಅಂದರೆ ಹಕ್ಕಿ. ಒಟ್ಟು 9 ಜಾತಿಗಳಿವೆ. 8 ಆಫ್ರಿಕಾ ಖಂಡದವು, ಒಂದು ಮಡಗಾಸ್ಕರ್ ದ್ವೀಪದ್ದು. ಆಸ್ಟ್ರೇಲಿಯಾದಲ್ಲಿ ಒಂದೂ ಇಲ್ಲ. ಗುರುತು ಹಿಡಿಯುವುದು ಸುಲಭ: ಲವ್ ಬರ್ಡ್ ಗುಂಡಗೆ ಇರುತ್ತದೆ, ಬಾಲ ಮೊಂಡು, ಕೊಕ್ಕು ದಪ್ಪ ಮತ್ತು ಎದ್ದು ಕಾಣುತ್ತದೆ. ಬಡ್ಜರಿಗಾರ್ ತೆಳ್ಳಗೆ, ಬಾಲ ಉದ್ದ, ಚಿಕ್ಕ ಕೊಕ್ಕು ಮುಖದ ಗರಿಗಳಲ್ಲಿ ಅರ್ಧ ಮುಚ್ಚಿಹೋಗಿರುತ್ತದೆ. ಮೈ ಮೇಲೆ ಅಲೆ ಅಲೆ ಗೆರೆ ಇದ್ದರೆ ಅನುಮಾನವೇ ಬೇಡ.

ಆದರೂ ಬಡ್ಜರಿಗಾರ್‌ಗೆ ಪ್ರೀತಿಯ ಹೆಸರು ಅಂಟಿದ್ದನ್ನು ಬರೀ ತಪ್ಪು ಅಂತ ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಜೋಡಿಗಳು ಒತ್ತಿಕೊಂಡು ಕೂರುತ್ತವೆ, ಒಂದರ ತಲೆಯ ಗರಿಯನ್ನು ಇನ್ನೊಂದು ಕೊಕ್ಕಿನಿಂದ ಸರಿಮಾಡುತ್ತದೆ, ಗಂಡು ಹೆಣ್ಣಿಗೆ ಗುಟುಕು ಕೊಡುತ್ತದೆ. ಇದನ್ನು ನೋಡಿದ ಯಾರಿಗಾದರೂ ಅನ್ನಿಸುವುದು ಅದೇ. ಪರ್ಷಿಯನ್‌ನಲ್ಲಿ ಬಡ್ಜರಿಗಾರ್‌ಗೆ ‘ಮುರ್ಗೆ ಎಶ್ಕ್’, ಪ್ರೀತಿಯ ಹಕ್ಕಿ. ಟರ್ಕಿಯವರು ‘ಮುಹಬ್ಬತ್ ಕುಶು’ ಅಂತಾರೆ. ಟರ್ಕಿಶ್‌ನಲ್ಲಿ ಮುಹಬ್ಬತ್ ಅಂದರೆ ಪ್ರೀತಿಯೂ ಹೌದು, ಕೂತು ಆಡುವ ಹರಟೆಯೂ ಹೌದು. ದಿನವಿಡೀ ಹರಟುವ ಈ ಹಕ್ಕಿಗೆ ಎರಡೂ ಒಪ್ಪುತ್ತವೆ.

ಅಮೆರಿಕದಲ್ಲಿ ಇದನ್ನು ಸುಮ್ನೆ ‘ಪ್ಯಾರಕೀಟ್’ ಅನ್ನುತ್ತಾರೆ. ಅದು ಉದ್ದ ಬಾಲದ ಸಣ್ಣ ಗಿಳಿಗಳಿಗೆಲ್ಲ ಹೇಳುವ ಪದ, ಅದರಿಂದ ಯಾವ ಹಕ್ಕಿ ಅಂತ ಗೊತ್ತಾಗುವುದಿಲ್ಲ. ಆಸ್ಟ್ರೇಲಿಯಾ, ಇಂಗ್ಲೆಂಡ್ ಕಡೆ ಮೊಟಕುಮಾಡಿ ‘ಬಡ್ಜಿ’. ಆಸ್ಟ್ರೇಲಿಯನ್ನರಂತೂ ಗಂಡಸರ ಬಿಗಿಯಾದ ಈಜು ಚಡ್ಡಿಗೂ ‘ಬಡ್ಜಿ ಸ್ಮಗ್ಲರ್ಸ್’ ಅಂತ ಈ ಹಕ್ಕಿಯ ಹೆಸರನ್ನೇ ಅಂಟಿಸಿದ್ದಾರೆ.

ಒಂದು ಮಾತು ಮರೆಯಬಾರದು. ಗಿಜಿರ್ರಿಗಾ ಒಂದು ಭಾಷೆಯ ಹೆಸರು ಮಾತ್ರ, ‘ಮೂಲನಿವಾಸಿಗಳ ಹೆಸರು’ ಅಂತ ಒಟ್ಟಾಗಿ ಹೇಳುವುದು ಸರಿಯಲ್ಲ. ಮಳೆ ಬಿದ್ದ ಕಡೆ ಹಾರಿಹೋಗುವ ಅಲೆಮಾರಿ ಹಕ್ಕಿ ಇದು, ಖಂಡದ ಒಳನಾಡಿನ ತುಂಬ ಇದೆ, ಅಲ್ಲಲ್ಲಿ ಅವರವರ ಭಾಷೆಯ ಹೆಸರಿದೆ. ನಡು ಮರುಭೂಮಿಯ ವಾರ್ಲ್‌ಪಿರಿ ಜನರಿಗೆ ಇದು ‘ಙತಿಜಿರ್ರಿ’. ಅವರ ಪೂರ್ವಿಕರ ಪವಿತ್ರ ಕಥೆಗಳಲ್ಲಿ ಙತಿಜಿರ್ರಿ ಕೂಡ ಇದೆ, ಯುಯೆಂಡುಮು ಊರಿನ ಕಲಾವಿದರು ಆ ಕಥೆಯನ್ನು ಇಂದಿಗೂ ಚಿತ್ರಗಳಲ್ಲಿ ಬರೆಯುತ್ತಾರೆ. ಹಕ್ಕಿ ಅಂದರೆ ಊಟ ಅನ್ನುವ ಕಥೆಯ ಪಕ್ಕ ಇದನ್ನು ಇಟ್ಟು ನೋಡಿ.

ಕೊನೆಗೆ ಕನ್ನಡದಲ್ಲಿ ಬರೆಯುವುದು. ‘ಬಡ್ಜರಿಗಾರ್’ ಅಥವಾ ‘ಬಜರಿಗಾರ್’, ಎರಡೂ ನಡೆಯುತ್ತವೆ, ಒಂದು ಬರಹದಲ್ಲಿ ಒಂದನ್ನೇ ಕೊನೆತನಕ ಬಳಸಿ. ಆಡುವಾಗ ಕೊನೆಯ ರ್ ಒತ್ತಿ ಹೇಳಬೇಕಾಗಿಲ್ಲ. ಮಕ್ಕಳಿಗೆ ಬರೆಯುವುದಾದರೆ ‘ಬಡ್ಜಿ’ ಸಾಕು. ಮೂಲ ಪದ ಹೇಳುವಾಗ ‘ಗಿಜಿರ್ರಿಗಾ’ ಅಂತ ಒತ್ತಕ್ಷರ, ದೀರ್ಘ ಎರಡೂ ಹಾಕಿ, ಪಕ್ಕದಲ್ಲಿ ಗಮಿಲರಾಯ್ ಅಂತ ಭಾಷೆಯ ಹೆಸರು ಬರೆಯಿರಿ. ನಮ್ಮ ಲಿಪಿಗೆ ಇದೇನೂ ಕಷ್ಟವಲ್ಲ. ಙತಿಜಿರ್ರಿ ಅಂತೂ ನಮ್ಮ ವರ್ಣಮಾಲೆಯಲ್ಲಿ ಕಲಿತು ಆಮೇಲೆ ಪದದ ಮೊದಲಲ್ಲಿ ಎಂದೂ ಬಳಸದ ಙ ಅಕ್ಷರಕ್ಕೆ ಸರಿಯಾದ ಜಾಗ. ಲವ್ ಬರ್ಡ್ ಅಂತ ಮನೆಯಲ್ಲಿ ಕರೆದರೆ ಯಾರಿಗೂ ನಷ್ಟವಿಲ್ಲ, ಆದರೆ ಕಾಯಿಲೆ, ಆಹಾರ, ಸಾಕಣೆ ಬಗ್ಗೆ ಮಾಹಿತಿ ಹುಡುಕುವಾಗ ಮಾತ್ರ ಬಡ್ಜರಿಗಾರ್ ಅಂತಲೇ ಹುಡುಕಿ. ಇಲ್ಲದಿದ್ದರೆ ನಿಮಗೆ ಸಿಗುವುದು ಆಫ್ರಿಕಾದ ಹಕ್ಕಿಯ ವಿಷಯ.